ಕಾಯವೂ ಕನ್ನಡಿಯೂ

ಮಾನವನ ಒಡಲಿಗೆ ಸಂಸ್ಕೃತ ಭಾಷೆಯಲ್ಲಿ ಮೂರು ಹೆಸರುಗಳು ಪ್ರಸಿದ್ಧವಾಗಿವೆ: ಶರೀರ, ದೇಹ, ಕಾಯ. ಶಿಥಿಲವಾಗುವುದೆಂಬ ಅರ್ಥದ ಧಾತುವಿನಿಂದ ಬಂದದ್ದು ಶರೀರ. ಬೆಳೆಯುವುದೆಂಬ ಅರ್ಥದ ಧಾತುವಿನಿಂದ ಬಂದದ್ದು ದೇಹ. ಅನ್ನಾದಿಗಳು ಕೂಡಿಬರುವ ಎಡೆಯೆಂಬ ಅರ್ಥದಿಂದ ಬಂದದ್ದು ಕಾಯ. ಬೆಳೆಯುವುದು, ಕೂಡುವುದು, ಸವೆಯುವುದು ಈ ಮೂರೂ ಒಡಲಿನ ಸಹಜಧರ್ಮಗಳೆಂಬುದನ್ನು ಪ್ರಾಚೀನರು ಹೆಸರುಗಳಲ್ಲಿಯೇ ಇಟ್ಟು ಹೋಗಿದ್ದಾರೆ. ಈ ಮೂರರಲ್ಲಿ ಶಿವಶರಣರು ಕಾಯವೆಂಬ ಹೆಸರನ್ನು ವಿಶೇಷವಾಗಿ ಆದರಿಸಿದರು. ಕಾಯದಿಂದ ಮಾಡುವ ಸತ್ಯಶುದ್ಧವಾದ ದುಡಿಮೆಗೆ ಕಾಯಕವೆಂದು ಕರೆದು, ಅದನ್ನು ಪೂಜೆಗೆ ಸಮಾನವಾದ ಸ್ಥಾನಕ್ಕೆ ಏರಿಸಿದರು. ಬಸವಣ್ಣನವರು ಭಕ್ತನ ಒಡಲನ್ನೇ ಶಿವನ ಆಲಯವಾಗಿ ಕಂಡರು. ಕಲ್ಲಿನ ಗುಡಿಯನ್ನು ಕಟ್ಟಿಸಲಾರದ ಬಡವನಿಗೂ ಒಂದು ಗುಡಿಯುಂಟು, ಅದು ಅವನು ಹುಟ್ಟುತ್ತಲೇ ಪಡೆದುಬಂದ ಈ ಕಾಯ ಎಂಬುದು ಅವರ ಬೋಧೆಯ ಹೃದಯವಾಗಿದೆ.

ವೀರಶೈವನಿಗೆ ಇದು ಕೇವಲ ಉಪಮೆಯಲ್ಲ. ಗುರುವು ಕರುಣಿಸಿದ ಇಷ್ಟಲಿಂಗವು ಅಂಗದ ಮೇಲೆ ನೆಲೆಸಿರುವುದು. ಎಡದ ಅಂಗೈಯೇ ಅದರ ಪೀಠ. ಅಂಗವಿಲ್ಲದೆ ಲಿಂಗಪೂಜೆಯಿಲ್ಲ, ಲಿಂಗಾಂಗ ಸಾಮರಸ್ಯದ ಮಾತೂ ಇಲ್ಲ. ಹೀಗಿರಲು ಆ ಅಂಗವನ್ನು ದ್ವೇಷಿಸುವುದು, ಹಸಿವಿನಿಂದ ಹಿಂಸಿಸುವುದು, ಕನ್ನಡಿಯ ಮುಂದೆ ನಿಂತು ಅದನ್ನು ನಿತ್ಯವೂ ಶಪಿಸುವುದು ಧರ್ಮಕ್ಕೆ ಹೊರತಾದ ನಡತೆಯಲ್ಲವೇ ಎಂಬುದನ್ನು ಭಕ್ತಜನರು ವಿಚಾರಿಸಬೇಕಾಗಿದೆ. ಏಕೆಂದರೆ ಅಂತಹ ನಡತೆ ಈಗ ಮನೆಮನೆಗೂ ಬರುತ್ತಲಿದೆ.

ಈ ಕಾಲದ ಅನೇಕ ಮನೆಗಳ ಕಥೆಯನ್ನು ಒಂದು ಮನೆಯ ಕಥೆಯಾಗಿ ಹೇಳುವುದಾದರೆ, ಅದು ಹೀಗಿರುತ್ತದೆ. ಮಗಳು ಕಾಲೇಜಿನಲ್ಲಿ ಓದುತ್ತಿರುವವಳು, ಆರೋಗ್ಯವಂತೆ, ಉಂಡುಟ್ಟು ನಕ್ಕು ನಲಿಯುತ್ತಿದ್ದವಳು. ಅವಳನ್ನು ನೋಡಲು ವರನ ಕಡೆಯವರು ಬಂದರು. ಅವಲಕ್ಕಿ ತಿಂದರು, ಚಹಾ ಕುಡಿದರು, ಹೋದರು. ನಾಲ್ಕು ದಿನಗಳ ತರುವಾಯ ಮಧ್ಯಸ್ಥರ ಮೂಲಕ ಮಾತು ಬಂದಿತು: ಹುಡುಗಿ ಒಳ್ಳೆಯವಳೇ, ಆದರೆ ತುಸು ದಪ್ಪ. ತಾಯಿ ಕೆಡುಕೆಣಿಸದೆ ಆ ಮಾತನ್ನು ಮಗಳಿಗೆ ತಿಳಿಸಿದಳು. ಮಗಳು ಏನನ್ನೂ ಆಡಲಿಲ್ಲ. ಮೊದಲು ಸಕ್ಕರೆಯನ್ನು ಬಿಟ್ಟಳು. ಬಳಿಕ ರೊಟ್ಟಿಯನ್ನು ಬಿಟ್ಟಳು. ಅನಂತರ ರಾತ್ರಿಯ ಊಟವನ್ನೇ ಬಿಟ್ಟಳು. ಎರಡು ತಿಂಗಳಲ್ಲಿ ಮೈ ಇಳಿಯಿತು. ನೆರೆಹೊರೆಯವರು ಹೊಗಳಿದರು, ಗೆಳತಿಯರು ಉಪಾಯ ಕೇಳಿದರು. ಹೊಗಳಿಕೆ ಕೇಳಿದಂತೆಲ್ಲ ಅವಳ ತುತ್ತು ಸಣ್ಣದಾಯಿತು. ಒಂದು ದಿನ ಬೆಳಗಿನ ಲಿಂಗಪೂಜೆಯ ಸಮಯದಲ್ಲಿ ಅಜ್ಜಿ ಮೊಮ್ಮಗಳ ಎಡಗೈಯನ್ನು ನೋಡಿದಳು. ಲಿಂಗವನ್ನು ಧರಿಸಿದ್ದ ಆ ಅಂಗೈ ಎಲೆಯಂತೆ ನಡುಗುತ್ತಿತ್ತು. ಅಜ್ಜಿ ಮರುಮಾತಿಲ್ಲದೆ ಅವಳನ್ನು ಊರ ಮಠಕ್ಕೆ ಕರೆದುಕೊಂಡು ಹೋದಳು. ಅಲ್ಲಿ ನಡೆದುದನ್ನು ಕೊನೆಯಲ್ಲಿ ಹೇಳಲಾಗುವುದು. ಅದಕ್ಕೆ ಮೊದಲು ಆ ಹುಡುಗಿಯ ಹಸಿವಿನ ಮೂಲ ಯಾವುದೆಂಬುದನ್ನು ಅರಿಯಬೇಕು.

ಕೃಶತೆಯೇ ಸೌಂದರ್ಯವೆಂಬ ಮತವು ಸನಾತನವೂ ಅಲ್ಲ, ಸಾರ್ವತ್ರಿಕವೂ ಅಲ್ಲ. ಕನ್ನಡದ ಹಿರಿಯ ಹೆಂಗಸರು ಸೊಸೆಯನ್ನು ಮೆಚ್ಚಿ ಆಡುತ್ತಿದ್ದ ಮಾತು ‘ಮೈಕೈ ತುಂಬಿಕೊಂಡ ಹುಡುಗಿ’ ಎಂಬುದು. ಸೊರಗಿದವಳನ್ನು ಕಂಡರೆ ತವರಿನಲ್ಲಿ ಕಣ್ಣೀರು ಬರುತ್ತಿತ್ತು. ಶರಣರು ಬಾಳಿದ ಆ ಹನ್ನೆರಡನೆಯ ಶತಮಾನದಲ್ಲಿಯೇ, 1117ರಲ್ಲಿ ಪ್ರತಿಷ್ಠೆಗೊಂಡ ಬೇಲೂರಿನ ಗುಡಿಯನ್ನು ಅಲಂಕರಿಸಿದ ಮದನಿಕೆಯರನ್ನು ನೋಡಿದವರಿಗೆ, ಅಂದಿನ ಶಿಲ್ಪಿಗಳು ತುಂಬಿದ ಅಂಗಾಂಗಗಳನ್ನೇ ಚೆಲುವೆಂದು ಬಗೆದಿದ್ದರೆಂಬುದು ವೇದ್ಯವಾಗುವುದು. ಕಾಲಕ್ಕೆ ತಕ್ಕಂತೆ ಬದಲಾಗುವ ರುಚಿಯನ್ನು ಶಾಶ್ವತವಾದ ನಿಯಮವೆಂದು ಭ್ರಮಿಸಿ ಒಡಲನ್ನು ಬಲಿಗೊಡುವುದು ಅವಿವೇಕವಲ್ಲದೆ ಮತ್ತೇನು?

ಈ ಭ್ರಮೆ ಎಷ್ಟು ಬೇಗ ಹರಡಬಲ್ಲದೆಂಬುದಕ್ಕೆ ಫಿಜಿ ದ್ವೀಪದ ಉದಾಹರಣೆಯಿದೆ. ಅಲ್ಲಿಯ ಮೂಲನಿವಾಸಿಗಳು ತುಂಬಿದ ಮೈಯನ್ನು ಆರೋಗ್ಯದ ಹಾಗೂ ಬಂಧುಬಳಗದ ಆರೈಕೆಯ ಗುರುತೆಂದು ಎಣಿಸುತ್ತಿದ್ದವರು. ಅಲ್ಲಿಯ ಒಂದು ಪ್ರಾಂತಕ್ಕೆ 1995ರಲ್ಲಿ ದೂರದರ್ಶನವು ಬಂದಿತು. ಆ್ಯನ್ ಬೆಕರ್ ಎಂಬ ಅಮೆರಿಕದ ವಿದುಷಿಯು ಅದು ಬಂದ ಹೊಸತರಲ್ಲಿ ಒಮ್ಮೆ, 1998ರಲ್ಲಿ ಇನ್ನೊಮ್ಮೆ, ಅಲ್ಲಿಯ ಶಾಲಾಬಾಲಿಕೆಯರನ್ನು ವಿಚಾರಿಸಿದಳು. ಆಹಾರದ ವಿಷಯದಲ್ಲಿ ಮನಸ್ಸು ಕೆಟ್ಟ ಲಕ್ಷಣವುಳ್ಳವರು ಮೊದಲು 100ಕ್ಕೆ ಸುಮಾರು 13 ಇದ್ದದ್ದು, ಮೂರೇ ವರ್ಷಗಳಲ್ಲಿ 29ಕ್ಕೆ ಏರಿತ್ತು. ತೂಕವಿಳಿಸುವುದಕ್ಕಾಗಿ ಉಂಡುದನ್ನು ವಾಂತಿ ಮಾಡಿಕೊಳ್ಳುವವರು ಮೊದಲು ಒಬ್ಬರೂ ಇರಲಿಲ್ಲ. ಆಮೇಲೆ 100ಕ್ಕೆ 11 ಮಂದಿ ಇದ್ದರು. ಮನೆಯ ಮೂಲೆಯಲ್ಲಿದ್ದ ಒಂದು ಪೆಟ್ಟಿಗೆಯ ಚಿತ್ರಗಳು ಬಂದ ಮೂರು ವರ್ಷಗಳಲ್ಲಿ ಇಷ್ಟು ಬದಲಾವಣೆ ಕಂಡಿತೆಂದ ಬಳಿಕ, ಹಗಲೂ ರಾತ್ರಿಯೂ ಅಂಗೈಯಲ್ಲಿರುವ ಮೊಬೈಲಿನ ಚಿತ್ರಗಳ ಬಲವನ್ನು ಬೇರೆ ಹೇಳಬೇಕಾಗಿಲ್ಲ. ಶರಣರ ಅಂಗೈಯಲ್ಲಿ ಲಿಂಗವಿತ್ತು. ಈ ಕಾಲದ ಅಂಗೈಯಲ್ಲಿ ಏನಿದೆಯೆಂಬುದನ್ನು ತಾಯ್ತಂದೆಗಳು ಯೋಚಿಸತಕ್ಕದ್ದು.

ಆ ಚಿತ್ರಗಳಲ್ಲಿ ಮೆರೆಯುವವರ ಪಾಡಾದರೂ ಸುಖವಾಗಿದೆಯೇ? ಬ್ರೆಜಿಲ್ ದೇಶದ ಆನಾ ಕರೊಲಿನಾ ರೆಸ್ಟನ್ ಎಂಬ ರೂಪದರ್ಶಿಯು 2006ರ ನವೆಂಬರಿನಲ್ಲಿ ತನ್ನ 21ನೆಯ ವಯಸ್ಸಿನಲ್ಲಿ ಆಹಾರತ್ಯಾಗದ ವ್ಯಾಧಿಯಿಂದ ಮರಣ ಹೊಂದಿದಳು. ಆಗ ಅವಳ ತೂಕ ಸುಮಾರು 40 ಕಿಲೋಗ್ರಾಂ ಮಾತ್ರ. ಅದೇ ವರ್ಷ ಸ್ಪೇನಿನ ಮ್ಯಾಡ್ರಿಡ್ ನಗರದ ವಸ್ತ್ರಪ್ರದರ್ಶನದಲ್ಲಿ ಅತಿಕೃಶರಾದ ರೂಪದರ್ಶಿಗಳನ್ನು ನಿಷೇಧಿಸಲಾಯಿತು. ಫ್ರಾನ್ಸ್ ದೇಶದಲ್ಲಿ 2017ರಿಂದ ರೂಪದರ್ಶಿಗಳು ವೈದ್ಯರ ಪ್ರಮಾಣಪತ್ರವನ್ನು ಹೊಂದಿರಬೇಕೆಂದೂ, ಮೈಯನ್ನು ತೆಳ್ಳಗೆ ತೋರಿಸಲು ತಿದ್ದಿದ ಜಾಹೀರಾತಿನ ಚಿತ್ರದ ಮೇಲೆ ಅದು ತಿದ್ದಿದ್ದೆಂದು ಬರೆಯಬೇಕೆಂದೂ ನಿಯಮ ಜಾರಿಗೆ ಬಂದಿತು. ಅಂದರೆ ಹೆಣ್ಣುಮಕ್ಕಳು ಆದರ್ಶವೆಂದು ಭಾವಿಸುವ ಎಷ್ಟೋ ಚಿತ್ರಗಳು ಯಾವ ತಾಯಿಯೂ ಹೆತ್ತ ರೂಪಗಳಲ್ಲ. ಯಂತ್ರವು ತಿದ್ದಿದ ರೂಪಗಳು. ಇಲ್ಲದ ರೂಪವನ್ನು ಬೆನ್ನಟ್ಟಿ ಇರುವ ರೂಪವನ್ನು ಕಳೆದುಕೊಳ್ಳುವುದಕ್ಕೆ ಶಾಸ್ತ್ರವು ಮರೀಚಿಕೆಯೆಂದು ಹೆಸರಿಟ್ಟಿದೆ.

ಇನ್ನು ಹಸಿವು ಮನುಷ್ಯನನ್ನು ಏನು ಮಾಡುತ್ತದೆಂಬುದನ್ನು ನೋಡಬೇಕು. ಎರಡನೆಯ ಮಹಾಯುದ್ಧದ ಕೊನೆಗೆ, 1944ರಿಂದ 1945ರವರೆಗೆ, ಅಮೆರಿಕದ ಮಿನೆಸೋಟ ವಿಶ್ವವಿದ್ಯಾನಿಲಯದಲ್ಲಿ ಆನ್ಸೆಲ್ ಕೀಸ್ ಎಂಬ ವಿಜ್ಞಾನಿಯು ಒಂದು ಪರೀಕ್ಷೆಯನ್ನು ನಡೆಸಿದನು. ಯುದ್ಧಪೀಡಿತ ದೇಶಗಳ ಹಸಿದವರನ್ನು ಚೇತರಿಸುವ ಮಾರ್ಗವನ್ನು ತಿಳಿಯುವುದೇ ಅದರ ಉದ್ದೇಶ. ಆಯುಧ ಹಿಡಿಯಲೊಲ್ಲದ ಶಾಂತಿಪ್ರಿಯರಾದ 36 ಮಂದಿ ತರುಣರು ತಾವಾಗಿ ಅದಕ್ಕೆ ಒಪ್ಪಿಕೊಂಡರು. 24 ವಾರಗಳ ಕಾಲ ಅವರ ಆಹಾರವನ್ನು ಸುಮಾರು ಅರ್ಧಕ್ಕೆ ಇಳಿಸಲಾಯಿತು. ಅವರ ತೂಕವು ಸುಮಾರು ನಾಲ್ಕರಲ್ಲಿ ಒಂದು ಪಾಲು ಇಳಿಯಿತು. ನಾಡಿಯ ಬಡಿತ ಮಂದವಾಯಿತು, ಬೇಸಿಗೆಯಲ್ಲಿಯೂ ಚಳಿಯೆನಿಸಿತು. ಅದಕ್ಕಿಂತ ಮುಖ್ಯವಾದ ಸಂಗತಿಯೆಂದರೆ, ಸ್ವಸ್ಥಚಿತ್ತರೂ ಆದರ್ಶವಾದಿಗಳೂ ಆಗಿದ್ದ ಆ ತರುಣರ ಮನಸ್ಸೇ ಬದಲಾಯಿತು. ಅವರಿಗೆ ಊಟವನ್ನು ಬಿಟ್ಟು ಬೇರೆ ಯೋಚನೆಯೇ ಉಳಿಯಲಿಲ್ಲ. ಪಾಕಶಾಸ್ತ್ರದ ಪುಸ್ತಕಗಳನ್ನು ಓದತೊಡಗಿದರು, ತಟ್ಟೆಗಳನ್ನು ನೆಕ್ಕಿದರು, ಗೆಳೆತನ ಬೇಸರವಾಯಿತು, ಖಿನ್ನತೆ ಆವರಿಸಿತು. ಪರೀಕ್ಷೆ ಮುಗಿದ ಮೇಲೂ ಅನೇಕರಿಗೆ ಬಹುಕಾಲ ಎಷ್ಟು ಉಂಡರೂ ತೃಪ್ತಿಯಾಗಲಿಲ್ಲ. ಇದರಿಂದ ಸಿದ್ಧವಾಗುವುದೇನೆಂದರೆ, ಒಡಲನ್ನು ಹಸಿವಿನಲ್ಲಿಟ್ಟವನು ಆಹಾರದಿಂದ ಮುಕ್ತನಾಗುವುದಿಲ್ಲ, ಆಹಾರಕ್ಕೆ ದಾಸನಾಗುತ್ತಾನೆ. ಕೊರತೆಯನ್ನು ಕಂಡ ಒಡಲು ತನ್ನ ವೆಚ್ಚವನ್ನು ತಗ್ಗಿಸಿಕೊಂಡು ಪ್ರಾಣವನ್ನು ಕಾಯುತ್ತದೆ. ಅನ್ನ ದೊರೆತೊಡನೆ ಮತ್ತೆ ಕೂಡಿಡುತ್ತದೆ. ಅದು ಒಡಲಿನ ಮೊಂಡುತನವಲ್ಲ, ಜೀವವನ್ನು ಉಳಿಸಲು ಶಿವನು ಇಟ್ಟ ಕಟ್ಟಳೆ.

ಈ ಹಾದಿಯಲ್ಲಿ ಬಹುದೂರ ಹೋದವರಿಗೆ ಅದೊಂದು ವ್ಯಾಧಿಯಾಗುವುದು. 1873ರಲ್ಲಿ ಲಂಡನ್ನಿನ ವೈದ್ಯ ವಿಲಿಯಂ ಗಲ್ ಎಂಬಾತನು ಅದಕ್ಕೆ ಅನೊರೆಕ್ಸಿಯಾ ನರ್ವೋಸಾ ಎಂದು ಹೆಸರಿಟ್ಟನು. ಮೂಳೆ ಚರ್ಮ ಒಂದಾದರೂ ರೋಗಿಗೆ ತಾನು ದಪ್ಪನೆಂದೇ ಕಾಣುವುದು ಆ ವ್ಯಾಧಿಯ ಸ್ವಭಾವ. ಮನೋವ್ಯಾಧಿಗಳಲ್ಲಿ ಅತಿ ಹೆಚ್ಚು ಮರಣಕ್ಕೆ ಕಾರಣವಾಗುವವುಗಳಲ್ಲಿ ಅದೂ ಒಂದು. ಹೆಣ್ಣುಮಕ್ಕಳಿಗೆ ಮಾತ್ರ ಬರುವುದೆಂದೂ ತಿಳಿಯಬಾರದು, ಗಂಡುಮಕ್ಕಳಿಗೂ ಬರುತ್ತದೆ.

ಹಾಗಾದರೆ ಮನಬಂದಂತೆ ತಿಂದು ಸ್ಥೂಲರಾಗಬಹುದೇ ಎಂದು ಯಾರಾದರೂ ಕೇಳಿಯಾರು. ಹಾಗಲ್ಲ. ಚರಕ ಸಂಹಿತೆಯಲ್ಲಿ ಅತಿಸ್ಥೂಲ, ಅತಿಕೃಶ ಇಬ್ಬರನ್ನೂ ರೋಗಪೀಡಿತರೆಂದೇ ಹೇಳಿ, ಸಮವಾದ ಮೈಕಟ್ಟನ್ನು ಶ್ಲಾಘಿಸಲಾಗಿದೆ. ಅತಿಸ್ಥೌಲ್ಯದಿಂದ ಸಕ್ಕರೆ ರೋಗ, ರಕ್ತದೊತ್ತಡ, ಹೃದ್ರೋಗಗಳು ಹೆಚ್ಚುತ್ತವೆಂಬುದು ನಿಜ. 2019ರಿಂದ 2021ರವರೆಗೆ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಭಾರತದ 15ರಿಂದ 49 ವಯಸ್ಸಿನ ಸ್ತ್ರೀಯರಲ್ಲಿ 100ಕ್ಕೆ 24 ಮಂದಿ ಅಧಿಕತೂಕದವರು. ಆದರೆ ಅದೇ ಸಮೀಕ್ಷೆ ಇನ್ನೆರಡು ಮಾತುಗಳನ್ನೂ ಹೇಳಿದೆ: 100ಕ್ಕೆ ಸುಮಾರು 19 ಮಂದಿಯ ತೂಕ ಇರಬೇಕಾದುದಕ್ಕಿಂತ ಕಡಿಮೆ, 57 ಮಂದಿಗೆ ರಕ್ತಹೀನತೆ. ಅನ್ನವಿಲ್ಲದೆ ಸೊರಗಿದ ಹೆಣ್ಣುಮಕ್ಕಳು ಒಂದೆಡೆ, ಅನ್ನವಿದ್ದೂ ಒಲ್ಲೆನೆನ್ನುವ ಹೆಣ್ಣುಮಕ್ಕಳು ಇನ್ನೊಂದೆಡೆ ಇರುವ ಈ ನಾಡಿನಲ್ಲಿ ತೆಳ್ಳಗಿರುವುದನ್ನೇ ಆರೋಗ್ಯವೆಂದು ಹೊಗಳುವುದು ಕಣ್ಣುಮುಚ್ಚಿ ಆಡುವ ಮಾತಾಗುವುದು. ಎತ್ತರಕ್ಕೂ ತೂಕಕ್ಕೂ ಇರುವ ಅನುಪಾತದ ಸಂಖ್ಯೆಯೊಂದನ್ನು ಈಗ ಎಲ್ಲರೂ ಉದ್ಧರಿಸುತ್ತಾರೆ. ಆ ಲೆಕ್ಕವನ್ನು 1832ರಲ್ಲಿ ಕೊಟ್ಟ ಬೆಲ್ಜಿಯಂ ದೇಶದ ಕ್ವೆಟಲೆಯು ವೈದ್ಯನಲ್ಲ, ಗಣಿತಜ್ಞ. ಅವನು ಅಳೆದದ್ದು ಜನಸಮೂಹವನ್ನು. 1972ರಲ್ಲಿ ಅದಕ್ಕೆ ಬಾಡಿ ಮಾಸ್ ಇಂಡೆಕ್ಸ್ ಎಂಬ ಈಗಿನ ಹೆಸರನ್ನು ಕೊಟ್ಟವನು ಮೇಲೆ ಹೇಳಿದ ಆನ್ಸೆಲ್ ಕೀಸನೇ. ವೈದ್ಯನ ಕೈಯಲ್ಲಿ ಅದೊಂದು ಸಾಧನ. ನೆರೆಯವರ ಬಾಯಲ್ಲಿ ಅದೊಂದು ಚಾಟಿ.

ಪಥ್ಯವೆಂಬ ಶಬ್ದವನ್ನು ಇಲ್ಲಿ ನೆನೆಯಬೇಕು. ಪಥದಿಂದ ತಪ್ಪದಿರುವುದೇ ಪಥ್ಯ. ರೋಗಿಯು ಸ್ವಾಸ್ಥ್ಯದ ಹಾದಿಯಿಂದ ಜಾರದಂತೆ ವೈದ್ಯನು ವಿಧಿಸುವ ಆಹಾರಕ್ರಮಕ್ಕೆ ಆ ಹೆಸರು. ಅದರ ಗುರಿ ಸ್ವಾಸ್ಥ್ಯ. ಪರರ ಕಣ್ಣಿಗೆ ಚೆಂದ ಕಾಣಬೇಕೆಂಬ ಗುರಿಯಿಂದ ಮಾಡುವ ಉಪವಾಸವು ಹೆಸರಿಗೆ ಪಥ್ಯವಾದರೂ ಪಥವನ್ನು ಬಿಟ್ಟದ್ದೇ ಸರಿ.

ಇಲ್ಲಿ ಒಂದು ಆಕ್ಷೇಪ ಹುಟ್ಟುವುದು ಸಹಜ. ಶರಣರೂ ಕಾಯವನ್ನು ಅಲ್ಲಗಳೆದಿಲ್ಲವೇ? ಅಕ್ಕಮಹಾದೇವಿಯವರು ಅರಮನೆಯನ್ನೂ ಉಡುಗೆಯನ್ನೂ ತೊರೆದು, ಹಸಿವು ತೃಷೆಗಳನ್ನು ಗೆದ್ದು ನಡೆಯಲಿಲ್ಲವೇ? ಈ ಪ್ರಶ್ನೆಗೆ ಉತ್ತರವು ಅಕ್ಕನ ಚರಿತ್ರೆಯಲ್ಲಿಯೇ ಇದೆ. ಕೌಶಿಕನು ಅಕ್ಕನಲ್ಲಿ ಕಂಡದ್ದು ರೂಪವನ್ನು ಮಾತ್ರ. ತನ್ನ ಕಾಯದ ಬೆಲೆಯನ್ನು ಕಟ್ಟುವ ಅಧಿಕಾರವನ್ನು ಆ ಅರಸನ ಕಣ್ಣಿಗೆ ಕೊಡಲು ಅಕ್ಕ ಒಪ್ಪಲಿಲ್ಲ. ಅವರು ತೊರೆದದ್ದು ಲೋಕದ ಕಣ್ಣನ್ನು. ಹಸಿವಾದಾಗ ಊರಿನ ಭಿಕ್ಷೆಯನ್ನು ನೆಮ್ಮಿದರು. ನಾಚದೆ, ಮುಚ್ಚಿಡದೆ ಉಂಡರು. ಈಗಿನ ಹುಡುಗಿ ತೊರೆಯುವುದು ಅನ್ನವನ್ನು; ಅಪ್ಪಿಕೊಳ್ಳುವುದು ಅದೇ ಲೋಕದ ಕಣ್ಣನ್ನು. ಹೊರಗೆ ನೋಡುವವರಿಗೆ ಇಬ್ಬರೂ ಸಣಕಲಾಗಿ ಕಂಡಾರು. ಆದರೆ ಒಬ್ಬರು ಕೌಶಿಕನಿಂದ ದೂರ ನಡೆದವರು, ಇನ್ನೊಬ್ಬಳು ಕಾಣದ ಸಾವಿರ ಕೌಶಿಕರ ಸಭೆಗೆ ನಡೆಯುತ್ತಿರುವವಳು. ಮೇಲಾಗಿ ಮನಸ್ಸನ್ನು ತಿದ್ದಿಕೊಳ್ಳದೆ ಉಪವಾಸಾದಿಗಳಿಂದ ಒಡಲನ್ನು ಮಾತ್ರ ದಂಡಿಸುವವರನ್ನು ಶರಣರು ಎಲ್ಲಿಯೂ ಮೆಚ್ಚಿದವರಲ್ಲ.

ಅಲ್ಲಮಪ್ರಭುಗಳೂ ಗೋರಕ್ಷನೂ ಸಂಧಿಸಿದ ಪ್ರಸಂಗವು ಶೂನ್ಯಸಂಪಾದನೆಯಲ್ಲಿಯೂ ಪ್ರಭುಲಿಂಗಲೀಲೆಯಲ್ಲಿಯೂ ಬಂದಿದೆ. ಗೋರಕ್ಷನು ಕಾಯಸಿದ್ಧಿಯನ್ನು ಪಡೆದು ವಜ್ರದೇಹಿಯಾಗಿದ್ದನು. ತನ್ನನ್ನು ಕತ್ತಿಯಿಂದ ಹೊಡೆದು ನೋಡೆಂದು ಗರ್ವದಿಂದ ನುಡಿದನು. ಹೊಡೆದಾಗ ಕಲ್ಲಿಗೆ ತಾಗಿದಂತೆ ಖಣಿಲೆಂಬ ಸದ್ದು ಹೊರಟಿತೇ ಹೊರತು ಒಂದು ರೋಮವೂ ಕೊಂಕಲಿಲ್ಲ. ಪ್ರಭುಗಳು ತಮ್ಮನ್ನೂ ಹೊಡೆಯೆಂದರು. ಗೋರಕ್ಷನು ಬೀಸಿದ ಕತ್ತಿ ಬಯಲಿನಲ್ಲಿ ಬೀಸಿದಂತೆ ಅವರ ಮೈಯ ಮೂಲಕ ಹಾದುಹೋಯಿತು. ಕಾಯವನ್ನು ಸಾಧಿಸಿದ್ದು ಸಿದ್ಧಿಯಲ್ಲ, ಕಾಯದ ಅಹಂಕಾರವನ್ನು ಕಳೆದದ್ದೇ ಸಿದ್ಧಿಯೆಂದು ಆಗ ಗೋರಕ್ಷನಿಗೆ ಅರಿವಾಯಿತು. ಇಂದು ಅಂಗಸಾಧನೆಯ ಗರಡಿಗಳಲ್ಲಿ ಕನ್ನಡಿಯ ಮುಂದೆ ನಿಂತು ತೋಳು ಹೊಟ್ಟೆಗಳನ್ನು ಅಳೆಯುವ ತರುಣರಿಗೂ, ತೂಕದ ಯಂತ್ರದ ಮೇಲೆ ದಿನಕ್ಕೆ ನಾಲ್ಕು ಸಲ ನಿಲ್ಲುವ ತರುಣಿಯರಿಗೂ ಈ ಕಥೆ ಸಲ್ಲುತ್ತದೆ. ದೇಹದ ಗರ್ವ ಮತ್ತು ದೇಹದ ದ್ವೇಷ ಒಂದೇ ಬಳ್ಳಿಯ ಎರಡು ಕಾಯಿಗಳು. ಎರಡರಲ್ಲಿಯೂ ಮನಸ್ಸು ಲಿಂಗವನ್ನು ಬಿಟ್ಟು ಅಂಗದಲ್ಲಿ ಸಿಕ್ಕಿಬಿದ್ದಿರುತ್ತದೆ.

ಹಾಗಾದರೆ ಭಕ್ತನು ಉಣ್ಣುವ ಬಗೆ ಯಾವುದು? ಅದಕ್ಕೆ ಅಷ್ಟಾವರಣಗಳಲ್ಲಿ ಒಂದಾದ ಪ್ರಸಾದವೇ ಉತ್ತರ. ಲಿಂಗಕ್ಕೆ ಅರ್ಪಿಸಿದ ಪದಾರ್ಥವು ಪ್ರಸಾದವಾಗುವುದು. ಪ್ರಸಾದವೆಂದರೆ ಪ್ರಸನ್ನತೆ. ಪ್ರಸಾದವನ್ನು ಚೆಲ್ಲುವಂತಿಲ್ಲ, ಜರೆಯುವಂತಿಲ್ಲ, ಹೊಟ್ಟೆ ಬಿರಿಯುವಂತೆ ತುಂಬಿಕೊಳ್ಳುವಂತೆಯೂ ಇಲ್ಲ. ತುತ್ತನ್ನು ಕಂಡು ಭಯಪಡುವವನೂ, ತುತ್ತನ್ನು ಕಂಡು ಬಾಯಿಬಿಡುವವನೂ ಪ್ರಸಾದಿಯಲ್ಲ. ಆಯ್ದಕ್ಕಿ ಲಕ್ಕಮ್ಮನವರು ಈ ಮಿತಿಯನ್ನು ಕಲಿಸಿದರು. ಪತಿ ಮಾರಯ್ಯನವರು ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವ ಕಾಯಕದವರು. ಒಂದು ದಿನ ಅವರು ನಿತ್ಯಕ್ಕಿಂತ ಹೆಚ್ಚು ಅಕ್ಕಿಯನ್ನು ತಂದಾಗ, ಹೆಚ್ಚಾದುದನ್ನು ಅಲ್ಲಿಯೇ ಸುರಿದುಬರುವಂತೆ ಲಕ್ಕಮ್ಮ ಹೇಳಿದರು. ಈ ಕಥೆಯ ಅರ್ಧವನ್ನು ಎಲ್ಲರೂ ಬಲ್ಲರು. ಉಳಿದರ್ಧವೆಂದರೆ, ನಿತ್ಯದ ಪ್ರಮಾಣವನ್ನೂ ಸುರಿದು ಬಾ ಎಂದು ಅವರು ಹೇಳಲಿಲ್ಲ. ಅದರಿಂದ ಅಡಿಗೆಯಾಗಬೇಕು, ಜಂಗಮಕ್ಕೆ ದಾಸೋಹವಾಗಬೇಕು, ಮಾರಯ್ಯನವರಿಗೆ ಮರುದಿನದ ಕಾಯಕಕ್ಕೆ ಬಲ ಬರಬೇಕು. ಬೇಕಾದುದಕ್ಕಿಂತ ಹೆಚ್ಚು ಕೊಳ್ಳುವುದು ಲೋಭವಾದರೆ, ಬೇಕಾದುದನ್ನೂ ಕೊಳ್ಳದಿರುವುದು ಕಾಯಕಕ್ಕೆ ಮಾಡುವ ದ್ರೋಹ.

ಈ ವಿಷಯದಲ್ಲಿ ಹಿರಿಯರ ಹೊಣೆ ಕಿರಿಯರ ಹೊಣೆಗಿಂತ ದೊಡ್ಡದು. ಹೆಣ್ಣು ನೋಡಲು ಹೋದವರು ಅವಳ ನಡೆನುಡಿ, ವಿದ್ಯೆ, ಆರೋಗ್ಯಗಳನ್ನು ನೋಡಲಿ. ಸಂತೆಯಲ್ಲಿ ದನವನ್ನು ತಡವುವಂತೆ ಮೈಯನ್ನು ತೂಗದಿರಲಿ. ‘ದಪ್ಪ’, ‘ಕಡ್ಡಿ’, ‘ಡೋಲು’ ಎಂಬ ಅಡ್ಡಹೆಸರುಗಳು ಮನೆಯಲ್ಲಿಯೂ ಶಾಲೆಯಲ್ಲಿಯೂ ಇರಕೂಡದು. ಆಡಿದವರು ಅಂದೇ ಮರೆಯುತ್ತಾರೆ. ಕೇಳಿಸಿಕೊಂಡ ಮಗು ಜೀವಮಾನವೆಲ್ಲ ಹೊರುತ್ತದೆ. ಮಕ್ಕಳು ಊಟವನ್ನು ಮುಚ್ಚಿಡುವುದು, ಉಂಡೊಡನೆ ಬಚ್ಚಲಿಗೆ ಹೋಗುವುದು, ತಲೆಸುತ್ತು, ಕೂದಲುದುರುವುದು, ಸದಾ ಚಳಿ, ಹೆಣ್ಣುಮಕ್ಕಳಲ್ಲಿ ತಿಂಗಳ ಮುಟ್ಟು ನಿಲ್ಲುವುದು, ಈ ಲಕ್ಷಣಗಳು ಕಂಡರೆ ಗದರಿಸದೆ ವೈದ್ಯರ ಬಳಿಗೆ ಕರೆದೊಯ್ಯಬೇಕು. ಮನಸ್ಸಿನ ವೈದ್ಯರ ಬಳಿಗೆ ಹೋಗುವುದರಲ್ಲಿ ಅಪಮಾನವಿಲ್ಲ. ಸರ್ಕಾರವು 2022ರಲ್ಲಿ ಆರಂಭಿಸಿದ ಟೆಲಿ ಮಾನಸ್ ಎಂಬ ಉಚಿತ ದೂರವಾಣಿ ಸೇವೆಯು 14416 ಎಂಬ ಸಂಖ್ಯೆಯಲ್ಲಿ ಕನ್ನಡದಲ್ಲಿಯೂ ದೊರೆಯುತ್ತದೆ.

ಇನ್ನು ಆ ಹುಡುಗಿಯ ಮಾತು. ಅಜ್ಜಿ ಅವಳನ್ನು ಮಠಕ್ಕೆ ಕರೆತಂದಾಗ ದಾಸೋಹದ ಪಂಕ್ತಿ ನಡೆದಿತ್ತು. ಹುಡುಗಿ ಎಡೆಯ ಮುಂದೆ ಕುಳಿತಳು, ಉಣ್ಣಲಿಲ್ಲ. ವೃದ್ಧರಾದ ಸ್ವಾಮಿಗಳು ಬಳಿಗೆ ಬಂದು ನಿಂತು ಕೇಳಿದರು:

“ಯಾಕೆ ತಂಗೀ, ಪ್ರಸಾದ ಹಾಗೇ ಇದೆ? ಯಾವ ವ್ರತ ಹಿಡಿದಿದ್ದೀ?”

“ವ್ರತವಲ್ಲ ಅಜ್ಜಾರೇ. ನಾನು ದಪ್ಪ ಆಗಿದ್ದೇನೆ.”

“ಯಾರು ಹೇಳಿದರು?”

“ಎಲ್ಲರೂ ಹೇಳುತ್ತಾರೆ.”

“ದಿನಾ ನಿನ್ನ ಅಂಗೈಯಲ್ಲಿ ಕೂತು ನಿನ್ನನ್ನು ನೋಡುವವನು ಹೇಳಿದನೇ?”

ಹುಡುಗಿ ತಲೆ ತಗ್ಗಿಸಿದಳು. ಅವಳ ಕಣ್ಣೀರು ಎಡೆಯ ಮೇಲೆ ಬಿತ್ತು. ಸ್ವಾಮಿಗಳು ಉಪದೇಶವನ್ನು ಬೆಳೆಸಲಿಲ್ಲ. “ಈ ಹೊತ್ತು ಒಂದು ತುತ್ತು ಸಾಕು. ನಾಳೆ ಅವ್ವನ ಜೊತೆ ಆಸ್ಪತ್ರೆಗೆ ಹೋಗು. ಅದೂ ಗುರುವಿನ ಆಜ್ಞೆ ಅಂತ ತಿಳಿ” ಎಂದಷ್ಟೇ ಹೇಳಿ ಮುಂದಿನ ಎಡೆಯತ್ತ ನಡೆದರು.

ಒಂದು ಮಾತಿನಿಂದ ವ್ಯಾಧಿ ವಾಸಿಯಾಗಲಿಲ್ಲ. ವೈದ್ಯರ ಮನೆಗೆ ಹಲವು ಸಲ ಅಲೆದಾಟವಾಯಿತು. ಉಂಡ ದಿನಗಳು ಇದ್ದವು, ಉಣ್ಣದೆ ಅತ್ತ ದಿನಗಳೂ ಇದ್ದವು. ತಾಯಿಯು ಮಧ್ಯಸ್ಥರಿಗೆ, ಮಗಳ ತೂಕವನ್ನು ಕೇಳುವವರು ತನ್ನ ಮನೆಗೆ ಬರುವುದು ಬೇಡವೆಂದು ಹೇಳಿ ಕಳುಹಿಸಿದಳು. ವರ್ಷ ಕಳೆಯುತ್ತ ಬಂದಾಗ ಒಂದು ಬೆಳಗ್ಗೆ ಅಜ್ಜಿ ಪಕ್ಕದಲ್ಲಿ ಕುಳಿತು ನೋಡಿದಳು. ಮೊಮ್ಮಗಳ ಅಂಗೈಯಲ್ಲಿ ಲಿಂಗವಿತ್ತು, ಕೈ ನಡುಗುತ್ತಿರಲಿಲ್ಲ.

ಲೋಕದ ಕನ್ನಡಿ ದಿನಕ್ಕೊಂದು ರೂಪವನ್ನು ಬೇಡುವುದು. ಇಷ್ಟಲಿಂಗವು ಯಾವ ರೂಪವನ್ನೂ ಬೇಡದು. ಸ್ಥಿರವಾದ ಕೈಯನ್ನೂ ನಿರ್ಮಲವಾದ ಮನಸ್ಸನ್ನೂ ಮಾತ್ರ ಬೇಡುವುದು. ಕಾಯವನ್ನು ಕಾಯಕಕ್ಕೆ ಉಣಿಸಿ, ಮನವನ್ನು ಲಿಂಗಕ್ಕೆ ಒಪ್ಪಿಸಿದವರ ಬಾಳು ಪ್ರಸಾದಮಯವಾಗಲಿ.